ಕಾರೇ ಇಲ್ಲದ ಊರಿಗೆ ಮೋಟಾರು ಬಂದ ಬಗೆ

ಪ್ರಶ್ನೆ: ನಾನು ಮಂಡ್ಯದಲ್ಲಿ ಇತಿಹಾಸ ಎಂ.ಎ. ಓದುತ್ತಿದ್ದೇನೆ. ‘ಆಟೊಮೊಬೈಲ್ ಇತಿಹಾಸ ಮತ್ತು ಸಮಾಜದ ಮೇಲೆ ಅದರ ಪರಿಣಾಮ’ ಎಂಬ ವಿಷಯದ ಮೇಲೆ ಕಿರುಪ್ರಬಂಧ ಬರೆಯಬೇಕಿದೆ. ಎಲ್ಲಿ ಓದಿದರೂ ಬೆಂಜ್, ಫೋರ್ಡ್, ಅಮೆರಿಕದ ಹೆದ್ದಾರಿ, ಇಷ್ಟೇ. ಪಾಂಡವಪುರದ ಕಡೆಯ ನಮ್ಮ ಹಳ್ಳಿಯಲ್ಲಿ ನಾನು ಹೈಸ್ಕೂಲು ಮುಗಿಸುವವರೆಗೆ ಯಾರ ಮನೆಯಲ್ಲೂ ಕಾರಿರಲಿಲ್ಲ. ಹಾಗಾದರೆ ನಮ್ಮ ಕಡೆ ಅಂಥ ಪರಿಣಾಮವೇನೂ ಆಗಲಿಲ್ಲ ಎಂದು ಬರೆಯಬಹುದೇ?

ಉತ್ತರ: ಹಾಗೆ ಬರೆದರೆ ನಿಮ್ಮ ಊರಿಗೇ ಅನ್ಯಾಯ ಮಾಡಿದಂತೆ. ಕಾರಿರಲಿಲ್ಲ, ಒಪ್ಪಿದೆ. ಬಸ್ಸು ಬರುತ್ತಿರಲಿಲ್ಲವೇ? ಕಬ್ಬಿನ ಲೋಡು ಹೊತ್ತ ಟ್ರ್ಯಾಕ್ಟರು ಓಡಾಡುತ್ತಿರಲಿಲ್ಲವೇ? ನಿಮ್ಮಪ್ಪನ ಹತ್ತಿರವೋ ಚಿಕ್ಕಪ್ಪನ ಹತ್ತಿರವೋ ಒಂದು ಟಿವಿಎಸ್ ಮೊಪೆಡ್ ಇದ್ದೇ ಇರಬೇಕು. ನೀವು ಓದಿದ ಪುಸ್ತಕಗಳು ಮನೆಮನೆಗೆ ಕಾರು ಮೊದಲು ಬಂದ ದೇಶಗಳಲ್ಲಿ ಬರೆದವು. ನಮ್ಮಲ್ಲಿ ಮೊದಲು ಬಂದದ್ದು ಬಸ್ಸು, ಆಮೇಲೆ ಲಾರಿ, ಟ್ರ್ಯಾಕ್ಟರು, ಬೈಕು, ಮೊಪೆಡ್. ಎಲ್ಲಕ್ಕೂ ಕೊನೆಗೆ ಕಾರು. ಬಂದ ಸರದಿಯೇ ತಲೆಕೆಳಗಾದ ಮೇಲೆ ಪರಿಣಾಮವೂ ಬೇರೆಯೇ ಆಗುತ್ತದೆ. ನಿಮ್ಮ ಪ್ರಬಂಧದ ಬೆನ್ನೆಲುಬು ಇದೇ ಆಗಲಿ ಎಂದು ನನ್ನ ಸಲಹೆ.

ಹೊರದೇಶದ ಕಥೆಯನ್ನು ಒಂದೆರಡು ಪುಟದಲ್ಲಿ ಮುಗಿಸಿ. ಜರ್ಮನಿಯ ಕಾರ್ಲ್ ಬೆಂಜ್ 1886ರ ಜನವರಿ 29ರಂದು ತನ್ನ ಮೂರು ಗಾಲಿಯ ಮೋಟಾರು ಗಾಡಿಗೆ ಪೇಟೆಂಟ್ ಅರ್ಜಿ ಹಾಕಿದ. ಆದರೆ ಅದು ಊರಿಂದೂರಿಗೆ ಓಡಬಲ್ಲದು ಎಂದು ತೋರಿಸಿಕೊಟ್ಟವಳು ಅವನ ಹೆಂಡತಿ ಬೆರ್ತಾ. 1888ರ ಆಗಸ್ಟಿನಲ್ಲಿ ಗಂಡನಿಗೆ ಹೇಳದೆ, ಇಬ್ಬರು ಗಂಡುಮಕ್ಕಳನ್ನು ಕೂರಿಸಿಕೊಂಡು ಮಾನ್‌ಹೈಮ್‌ನಿಂದ ಫೋರ್ಟ್ಸ್‌ಹೈಮ್‌ನ ತವರಿಗೆ ಹೊರಟಳು. ಹತ್ತಿರ ಹತ್ತಿರ ಮಂಡ್ಯದಿಂದ ಬೆಂಗಳೂರಿಗೆ ಹೋದಷ್ಟು ದೂರ. ಆಗ ಪೆಟ್ರೋಲ್ ಬಂಕ್ ಎಲ್ಲಿಯದು? ವೀಸ್ಲೊಖ್ ಎಂಬ ಊರಿನ ಔಷಧಿ ಅಂಗಡಿಯಲ್ಲಿ ಕಲೆ ತೆಗೆಯಲು ಮಾರುತ್ತಿದ್ದ ದ್ರಾವಣವನ್ನೇ ಕೊಂಡು ತುಂಬಿಸಿದಳು. ಇಂಧನದ ನಳಿಗೆ ಕಟ್ಟಿಕೊಂಡಾಗ ಟೋಪಿಯ ಪಿನ್ನಿನಿಂದ ಚುಚ್ಚಿ ಬಿಡಿಸಿದಳು. ಬ್ರೇಕಿನ ಮರ ಸವೆದಾಗ ದಾರಿಯಲ್ಲಿ ಚಪ್ಪಲಿ ಹೊಲಿಯುವವನಿಂದ ಚರ್ಮ ಹೊಡೆಸಿಕೊಂಡಳು. ರಿಪೇರಿ, ಇಂಧನ, ಬ್ರೇಕ್ ಲೈನಿಂಗ್, ಇವೆಲ್ಲ ಒಂದೇ ಪ್ರಯಾಣದಲ್ಲಿ ಎದುರಾದವು. ಬೆಂಜ್‌ಗಿಂತ ಈಕೆಗೇ ಹೆಚ್ಚು ಸಾಲು ಕೊಟ್ಟರೆ ತಪ್ಪಿಲ್ಲ.

ಅಮೆರಿಕದ ಕಾರು ತಯಾರಕ ಹೆನ್ರಿ ಫೋರ್ಡ್ ವಿಷಯದಲ್ಲಿ ಎಲ್ಲರೂ ಜನಸಾಮಾನ್ಯರಿಗೆ ಎಟುಕಿದ ಅವನ ಮಾಡೆಲ್ ಟಿ ಕಾರಿನ ಬಗ್ಗೆ ಬರೆಯುತ್ತಾರೆ. ನೀವು ಕೂಲಿಯ ಬಗ್ಗೆ ಬರೆಯಿರಿ. 1908ರಲ್ಲಿ 850 ಡಾಲರ್ ಇದ್ದ ಆ ಕಾರು 1920ರ ದಶಕದ ನಡುವಿಗೆ 260 ಡಾಲರಿಗೆ ಇಳಿಯಿತು. 1913ರಲ್ಲಿ ಹೈಲ್ಯಾಂಡ್ ಪಾರ್ಕ್ ಕಾರ್ಖಾನೆಯಲ್ಲಿ ಚಲಿಸುವ ಜೋಡಣಾ ಸಾಲು ಬಂದ ಮೇಲೆ, ಹನ್ನೆರಡೂವರೆ ಗಂಟೆ ಹಿಡಿಯುತ್ತಿದ್ದ ಷಾಸಿ (ಗಾಡಿಯ ತಳದ ಚೌಕಟ್ಟು) ಜೋಡಣೆ ಸುಮಾರು 93 ನಿಮಿಷಕ್ಕೆ ಬಂತು. ಇಡೀ ದಿನ ಒಂದೇ ನಟ್ಟು ತಿರುಗಿಸುವ ಕೆಲಸಕ್ಕೆ ಬೇಸತ್ತು ಜನ ಬಿಟ್ಟು ಹೋಗತೊಡಗಿದರು. 1914ರಲ್ಲಿ ಫೋರ್ಡ್ ದಿನಗೂಲಿಯನ್ನು 5 ಡಾಲರಿಗೆ ಏರಿಸಿದ್ದು ದಾನಧರ್ಮಕ್ಕಲ್ಲ, ಬಂದವರನ್ನು ಉಳಿಸಿಕೊಳ್ಳಲು. ಆದರೂ ಫಲ ದೊಡ್ಡದೇ. ಕಾರು ಮಾಡುವವನೇ ಕಾರು ಕೊಳ್ಳುವ ಸ್ಥಿತಿ ಬಂತು. ನಮ್ಮಲ್ಲಿ ಹಾಗಾಗಲಿಲ್ಲ, ಎಲ್ಲ ವ್ಯತ್ಯಾಸ ಅಲ್ಲಿಂದಲೇ ಶುರುವಾಗುತ್ತದೆ.

ಹಾಗಾಗಬೇಕೆಂದು ಹಂಬಲಿಸಿದವರು ನಮ್ಮಲ್ಲೂ ಇದ್ದರು. ಮಂಡ್ಯದವರು ಕನ್ನಂಬಾಡಿ ಕಟ್ಟೆಗಾಗಿ ನೆನೆಯುವ ವಿಶ್ವೇಶ್ವರಯ್ಯನವರು ದಿವಾನಗಿರಿ ಬಿಟ್ಟ ಎಷ್ಟೋ ವರ್ಷಗಳ ಮೇಲೆ, 1930ರ ದಶಕದಲ್ಲಿ, ಈ ದೇಶದಲ್ಲೇ ಮೋಟಾರು ಕಾರ್ಖಾನೆ ಆಗಬೇಕೆಂದು ಹಟ ಹಿಡಿದಿದ್ದರು. ಯುರೋಪು, ಅಮೆರಿಕಗಳ ಕಾರ್ಖಾನೆ ನೋಡಿಬಂದು ಯೋಜನೆ ಬರೆದರು. ಉದ್ಯಮಿ ವಾಲ್‌ಚಂದ್ ಹೀರಾಚಂದ್ ಬೆನ್ನಿಗಿದ್ದರು, ದಿವಾನ ಮಿರ್ಜಾ ಇಸ್ಮಾಯಿಲರ ಮೈಸೂರು ಸರ್ಕಾರಕ್ಕೂ ಮನಸ್ಸಿತ್ತು. ಬ್ರಿಟಿಷ್ ಸರ್ಕಾರ ಮಾತ್ರ ಜಗ್ಗಲಿಲ್ಲ. ಕೊನೆಗೆ ವಾಲ್‌ಚಂದ್ ಮೈಸೂರು ಸಂಸ್ಥಾನದ ಜೊತೆಗೂಡಿ 1940ರಲ್ಲಿ ಬೆಂಗಳೂರಿನಲ್ಲಿ ಕಟ್ಟಿದ್ದು ವಿಮಾನದ ಕಾರ್ಖಾನೆ, ಇಂದಿನ ಎಚ್‌ಎಎಲ್. ಅವರ ಮೋಟಾರು ಕಂಪನಿ, ಪ್ರೀಮಿಯರ್, 1944ರಲ್ಲಿ ಮುಂಬೈ ಪಾಲಾಯಿತು. ಕಾರು ಕೇಳಿದವರಿಗೆ ವಿಮಾನ ಸಿಕ್ಕ ಈ ಪ್ರಸಂಗ ಪ್ರಬಂಧಕ್ಕೆ ಒಳ್ಳೆಯ ಸೇತುವೆ.

ಇನ್ನು ಬಸ್ಸು. ನಿಮ್ಮ ಪ್ರಬಂಧದ ದೊಡ್ಡ ಅಧ್ಯಾಯ ಇದೇ ಆಗಬೇಕು.

ಬೆಂಗಳೂರು-ಮೈಸೂರು ರೈಲು 1880ರ ದಶಕದ ಆರಂಭದಲ್ಲೇ ಬಂದಿತ್ತು. ಆದರೆ ರೈಲು ಹಳಿ ಇದ್ದಲ್ಲಿಗೆ ಮಾತ್ರ. ಮದ್ದೂರು ಸ್ಟೇಷನ್ನಿನಲ್ಲಿ ಇಳಿದವರು ಮಳವಳ್ಳಿಗೆ ಹೋಗಬೇಕೆಂದರೆ ಎತ್ತಿನ ಗಾಡಿಯೇ ಗತಿ. ಮೋಟಾರು ಬಸ್ಸು ತುಂಬಿದ್ದು ಈ ಖಾಲಿ ಜಾಗವನ್ನು. ಮೊದಲು ಖಾಸಗಿಯವರು ಓಡಿಸಿದರು. ಎರಡನೇ ಮಹಾಯುದ್ಧದಲ್ಲಿ ಪೆಟ್ರೋಲಿಗೆ ರೇಷನ್ ಬಂದಾಗ ಬಸ್ಸುಗಳು ಇದ್ದಿಲಿಗೆ ತಿರುಗಿದವು. ಬಸ್ಸಿನ ಹಿಂಭಾಗಕ್ಕೆ ಆಳೆತ್ತರದ ಕಬ್ಬಿಣದ ಪೀಪಾಯಿ, ಅದರೊಳಗೆ ನಿಗಿನಿಗಿ ಇದ್ದಿಲು. ಹೊರಡುವ ಮುಂಚೆ ಕ್ಲೀನರ್ ಹುಡುಗ ಫ್ಯಾನಿನ ಹಿಡಿ ತಿರುಗಿಸಿ ತಿರುಗಿಸಿ ಗ್ಯಾಸು ಏಳಿಸಬೇಕು. ಏರು ಬಂದರೆ ಗಾಡಿ ಏದುಸಿರು ಬಿಡುತ್ತದೆ, ಗಂಡಸರೆಲ್ಲ ಇಳಿದು ತಳ್ಳಬೇಕು. ಎಂಬತ್ತು ದಾಟಿದ ಹಿರಿಯರು ನಿಮ್ಮ ಮನೆಯಲ್ಲಿದ್ದರೆ ‘ಇದ್ದಿಲು ಬಸ್ಸು’ ಎಂದು ಕೇಳಿ ನೋಡಿ. ತಾವು ಕಾಣದಿದ್ದರೂ ತಮ್ಮ ತಂದೆಯಿಂದ ಕೇಳಿದ್ದನ್ನಾದರೂ ಹೇಳುತ್ತಾರೆ.

1948ರಲ್ಲಿ ಮೈಸೂರು ಸರ್ಕಾರ 120 ಬಸ್ಸುಗಳೊಂದಿಗೆ ತನ್ನದೇ ರಸ್ತೆ ಸಾರಿಗೆ ಇಲಾಖೆ ಶುರು ಮಾಡಿತು. ಅದೇ 1961ರಲ್ಲಿ ನಿಗಮವಾಗಿ, ಮುಂದೆ ಕೆಎಸ್‌ಆರ್‌ಟಿಸಿ ಎಂದಾಯಿತು. ಅಂಕಿ ಅಂಶ ಅಷ್ಟು ಸಾಕು. ಬರೆಯಬೇಕಾದ್ದು ಬಸ್ಸಿನೊಳಗೆ ನಡೆದದ್ದು. ಟಿಕೆಟ್ ತೆಗೆದುಕೊಂಡವನಿಗೆಲ್ಲ ಸೀಟು, ಪಕ್ಕದಲ್ಲಿ ಯಾರು ಕೂತರೂ ‘ಏಳು’ ಅನ್ನುವಂತಿಲ್ಲ. ಬಾವಿಕಟ್ಟೆಯಲ್ಲಿ, ದೇವಸ್ಥಾನದ ಬಾಗಿಲಲ್ಲಿ ತಡೆಯುತ್ತಿದ್ದ ಊರೇ ಬಸ್ಸಿನಲ್ಲಿ ಮೈಗೆ ಮೈ ತಾಗಿಸಿ ನಿಲ್ಲಬೇಕಾಯಿತು. ಜಾತಿ ಇದರಿಂದ ಅಳಿಯಿತು ಎಂದು ನಾನು ಹೇಳಲಾರೆ. ಬಸ್ಸಿಳಿದ ಕೂಡಲೇ ಹಳೆಯ ಅಂತರ ಮತ್ತೆ ಹೆಗಲೇರುತ್ತಿತ್ತು. ಆದರೂ ದಿನಕ್ಕೆ ಒಂದು ಗಂಟೆ ಅದು ಮುರಿಯುತ್ತಿತ್ತು ಎನ್ನುವುದು ಸಣ್ಣ ಮಾತಲ್ಲ. ಇನ್ನೊಂದು, ಊರಿಗೆ ಬಸ್ಸೇ ಗಡಿಯಾರವಾಯಿತು. ‘ಏಳು ಗಂಟೆ ಬಸ್ ಹೋದ್ಮೇಲೆ ಗದ್ದೆಗೆ ಹೋದ’ ಎಂದರೆ ಎಲ್ಲರಿಗೂ ಅರ್ಥ. ಹೆಣ್ಣುಮಕ್ಕಳ ಓದು ಏಳನೇ ಕ್ಲಾಸಿಗೆ ನಿಲ್ಲುವುದೋ ಪಿಯುಸಿವರೆಗೆ ಹೋಗುವುದೋ ಎಂಬುದು ಬಹಳ ಕಡೆ ಸಂಜೆ ಬಸ್ಸು ಕತ್ತಲಾಗುವ ಮುಂಚೆ ಬರುತ್ತದೆಯೇ ಎಂಬುದರ ಮೇಲೆ ನಿಂತಿತ್ತು. 2023ರ ಜೂನ್ 11ರಂದು ಹೆಂಗಸರಿಗೆ ಉಚಿತ ಬಸ್ ಪ್ರಯಾಣದ ಶಕ್ತಿ ಯೋಜನೆ ಬಂದಾಗ ನಡೆದ ಜಗಳವೆಲ್ಲ ಈ ಹಳೆಯ ಕಥೆಯ ಮುಂದುವರಿದ ಭಾಗವೇ.

ಕಬ್ಬಿಗೆ ಬರೋಣ. ಕನ್ನಂಬಾಡಿಯ ನೀರು ನಾಲೆಯಲ್ಲಿ ಹರಿದು ಬಯಲು ಹಸಿರಾದಾಗ, 1930ರ ದಶಕದಲ್ಲಿ, ಮಂಡ್ಯದ ಮೈಶುಗರ್ ಕಾರ್ಖಾನೆ ತಲೆಯೆತ್ತಿತು. ಕಬ್ಬಿಗೊಂದು ಗುಣವಿದೆ. ಕಡಿದ ಕ್ಷಣದಿಂದ ಅದರ ಸಕ್ಕರೆ ಅಂಶ ಇಳಿಯತೊಡಗುತ್ತದೆ, ತೂಕವೂ ಇಳಿಯುತ್ತದೆ. ಒಂದು ದಿನದೊಳಗೆ ಅರೆದರೆ ಒಳ್ಳೆಯದು. ಜೋಡೆತ್ತಿನ ಗಾಡಿ ಹೇರಬಲ್ಲದ್ದು ಒಂದು, ಒಂದೂವರೆ ಟನ್ನು. ಹತ್ತು ಹದಿನೈದು ಕಿಲೋಮೀಟರು ನಡೆಯುವಷ್ಟರಲ್ಲಿ ರಾತ್ರಿ ಕಳೆಯುತ್ತದೆ. ಹಾಗಾಗಿ ಎತ್ತಿನ ಗಾಡಿಯ ಕಾಲದಲ್ಲಿ ಕಾರ್ಖಾನೆಗೆ ಹತ್ತಿರವಿದ್ದ ಗದ್ದೆಗೆ ಒಂದು ಬೆಲೆ, ದೂರದ ಗದ್ದೆಗೆ ಇನ್ನೊಂದು. ದೂರದವರು ಊರಲ್ಲೇ ಆಲೆಮನೆ ಹೂಡಿ ಬೆಲ್ಲ ಕಾಯಿಸುತ್ತಿದ್ದರು. ಲಾರಿ ಮತ್ತು ಟ್ರ್ಯಾಕ್ಟರು ಈ ಗೆರೆಯನ್ನು ಹಿಗ್ಗಿಸಿದವು. ಏಳೆಂಟು ಟನ್ನು ಹೇರಿಕೊಂಡು ಒಂದೆರಡು ತಾಸಿನಲ್ಲಿ ಮಿಲ್ಲಿನ ಗೇಟು ಮುಟ್ಟಬಹುದಾಯಿತು. ಗೇಟಿನ ಹೊರಗೆ ಸರದಿಯಲ್ಲಿ ಕಾದು ಒಣಗಿದ ಕಬ್ಬಿನ ಲೆಕ್ಕ ಬೇರೆ. ಮೋಟಾರು ಉಳಿಸಿಕೊಟ್ಟ ವೇಳೆಯನ್ನು ಕಾರ್ಖಾನೆಯ ಕ್ಯೂ ನುಂಗಿದ್ದುಂಟು.

ಇದರ ಇನ್ನೊಂದು ಮಗ್ಗುಲು ಎತ್ತು. ಹಳೇ ಮೈಸೂರಿನ ಹಳ್ಳಿಕಾರ್ ತಳಿಯ ಜೋಡಿಯೆಂದರೆ ರೈತನಿಗೆ ಎಂಜಿನ್ನೂ ಹೌದು, ಮರ್ಯಾದೆಯೂ ಹೌದು. ಬೇಬಿ ಬೆಟ್ಟದ, ಹೇಮಗಿರಿಯ ದನಗಳ ಜಾತ್ರೆಗೆ ಈಗಲೂ ಜೋಡಿಗಳು ಬರುತ್ತವೆ, ಲಕ್ಷಗಟ್ಟಲೆಗೆ ಮಾರಾಟವಾಗುತ್ತವೆ, ಆದರೆ ಉಳಲು ಕೊಳ್ಳುವವರು ಕಡಿಮೆ. ಎತ್ತು ಹೋದ ಮೇಲೆ ಗೊಬ್ಬರ ಹೋಯಿತು, ಹುಲ್ಲಿನ ಬೆಲೆ ಬದಲಾಯಿತು, ಬಡಗಿ-ಕಮ್ಮಾರರ ಗಾಲಿ ಕೆಲಸ ಹೋಗಿ ವೆಲ್ಡಿಂಗ್ ಶಾಪು ಬಂತು. ಟ್ರ್ಯಾಕ್ಟರು ಇಲ್ಲದವನು ಇದ್ದವನಿಗೆ ಗಂಟೆ ಲೆಕ್ಕದಲ್ಲಿ ಬಾಡಿಗೆ ಕೊಡುವ ಹೊಸ ಸಂಬಂಧವೂ ಹುಟ್ಟಿತು. ಒಬ್ಬರ ಗದ್ದೆಗೆ ಇನ್ನೊಬ್ಬರು ಸರದಿಯಲ್ಲಿ ದುಡಿದುಕೊಡುವ ಮುಯ್ಯಾಳು ಪದ್ಧತಿ ಸಡಿಲವಾದದ್ದಕ್ಕೆ ನಗರದ ಗಾಳಿಯನ್ನು ಬೈಯುವವರು ಈ ಗಂಟೆ ಬಾಡಿಗೆಯನ್ನೂ ನೋಡಬೇಕು.

ಮೈಸೂರಿನ ಪಾಲು ಎಂದರೆ ಜಾವಾ ಬೈಕು. ಯಾದವಗಿರಿಯಲ್ಲಿ ಇರಾನಿ ಎಂಬ ಅಡ್ಡಹೆಸರಿನ ಕುಟುಂಬದವರು ಕಟ್ಟಿದ ಐಡಿಯಲ್ ಜಾವಾ ಕಾರ್ಖಾನೆ 1961ರಲ್ಲಿ ಚೆಕೊಸ್ಲೊವಾಕಿಯದ ಲೈಸೆನ್ಸಿನ ಮೇಲೆ 250 ಸಿಸಿ ಬೈಕು ಮಾಡಲು ಶುರು ಮಾಡಿತು. 1970ರ ದಶಕದಲ್ಲಿ ಹೆಸರು ಯೆಜ್ಡಿ ಎಂದಾಯಿತು. (ಅದೇ ದಶಕದಲ್ಲಿ ಎಚ್‌ಎಂಟಿ ಟ್ರ್ಯಾಕ್ಟರು ಕೂಡ ಚೆಕ್ ದೇಶದ ಜೆಟರ್ ತಂತ್ರಜ್ಞಾನದ್ದೇ. ಡಾಲರು ಸಿಗದ ಕಾಲದಲ್ಲಿ ಭಾರತಕ್ಕೆ ಎಂಜಿನ್ ಕೊಟ್ಟ ದೇಶಗಳ ಕಥೆಯೇ ಒಂದು ಪ್ರತ್ಯೇಕ ಪ್ರಬಂಧವಾಗುತ್ತದೆ.)

ಆ ಬೈಕನ್ನು ಹತ್ತಿರದಿಂದ ನೋಡಿ, ಸಾಧ್ಯವಾದರೆ ಒಮ್ಮೆ ಸ್ಟಾರ್ಟ್ ಮಾಡಿಸಿ. ಎಡಗಡೆ ಒಂದೇ ಲಿವರು. ಕಾಲಿನಿಂದ ಒಳಕ್ಕೆ ಒತ್ತಿ ತಿರುಗಿಸಿ ಮೇಲೆತ್ತಿದರೆ ಅದು ಕಿಕ್ಕರ್. ತುಳಿದು, ಎಂಜಿನ್ ಹತ್ತಿದ ಮೇಲೆ ಕೆಳಗಿಳಿಸಿದರೆ ಅದೇ ಗೇರು. ಗೇರು ಬದಲಿಸಲು ಕ್ಲಚ್ ಹಿಡಿಯಲೇಬೇಕೆಂದಿಲ್ಲ, ಲಿವರು ಒತ್ತಿದಾಗ ಒಳಗೇ ಕ್ಲಚ್ ಬಿಡುವ ವ್ಯವಸ್ಥೆಯಿತ್ತು. ಟೂ-ಸ್ಟ್ರೋಕ್ ಆದ್ದರಿಂದ ಪೆಟ್ರೋಲಿಗೆ ಆಯಿಲ್ ಬೆರೆಸಿ ಹಾಕಿಸಬೇಕು. ಒಂದೇ ಸಿಲಿಂಡರಿಗೆ ಎರಡು ಸೈಲೆನ್ಸರು, ಹಿಂದೆ ನೀಲಿ ಹೊಗೆ. ಇಡೀ ಯಂತ್ರವನ್ನು ಮರದಡಿಯ ಮೆಕ್ಯಾನಿಕ್ ನಾಲ್ಕಾರು ಸ್ಪ್ಯಾನರಿನಲ್ಲಿ ಬಿಚ್ಚಿ ಜೋಡಿಸಬಲ್ಲವನಾಗಿದ್ದ. ಮೈಸೂರಿನಲ್ಲಿ ಒಂದು ತಲೆಮಾರಿಗೆ ಕಸುಬು ಕಲಿಸಿದ ಶಾಲೆ ಅದು. ಕಾರ್ಖಾನೆಯೊಳಗೆ ಲೇತು, ಕಾಸ್ಟಿಂಗು, ಕ್ರೋಮಿಂಗು ಕಲಿತವರು; ಹೊರಗೆ ಬೋರಿಂಗು, ಟ್ಯೂನಿಂಗು ಕಲಿತವರು. ಊರಿನಲ್ಲಿ ಲಾರಿಯ ಆಕ್ಸಲ್ ಮಾಡುವ ಆಟೊಮೋಟಿವ್ ಆಕ್ಸಲ್ಸ್, ಟೈರಿನ ವಿಕ್ರಾಂತ್ (ಈಗ ಜೆ.ಕೆ. ಪಾಲು), ಮುಂದೆ ಟಿವಿಎಸ್ ಬಂದಾಗ ನುರಿತ ಕೈಗಳಿಗೆ ಇಲ್ಲಿ ಕೊರತೆ ಇರಲಿಲ್ಲ.

1996ರಲ್ಲಿ ಯಾದವಗಿರಿ ಕಾರ್ಖಾನೆಗೆ ಬೀಗ ಬಿತ್ತು. ಯೆಜ್ಡಿ ಅಭಿಮಾನಿಗಳು ಹೊಗೆಯ ಕಾನೂನಿನ ಮೇಲೆ ತಪ್ಪು ಹೊರಿಸುತ್ತಾರೆ. ಅದೂ ಒಂದು ಕಾರಣ ನಿಜ, ಆದರೆ ಪೆಟ್ಟು ಅದಕ್ಕೂ ಮೊದಲೇ ಬಿದ್ದಿತ್ತು. 1980ರ ದಶಕದ ನಡುವೆ ಜಪಾನಿನ ಸಹಯೋಗದ 100 ಸಿಸಿ ಬೈಕುಗಳು ಬಂದವು. 1985ರ ಹೀರೋ ಹೋಂಡಾ ಸಿಡಿ 100 ಫೋರ್-ಸ್ಟ್ರೋಕ್, ಲೀಟರಿಗೆ 80 ಕಿಲೋಮೀಟರು ಎಂಬ ಜಾಹೀರಾತು. ತಿಂಗಳ ಸಂಬಳ ಎಣಿಸುವವನಿಗೆ ಸದ್ದಿನ ಗತ್ತಿಗಿಂತ ಮೈಲೇಜು ದೊಡ್ಡದು. ಇವತ್ತು ಜುಲೈ ತಿಂಗಳಲ್ಲಿ ಹಳೇ ಜಾವಾಗಳ ಮೆರವಣಿಗೆ ನೋಡಿ ಮನಸ್ಸು ಅರಳುವುದು ಸಹಜ, ನನಗೂ ಅರಳುತ್ತದೆ. ಪ್ರಬಂಧದಲ್ಲಿ ಮಾತ್ರ ಆ ಮೋಹ ಬೇಡ.

ಏಕೆಂದರೆ ಮಂಡ್ಯ ಸೀಮೆಯ ನಿಜವಾದ ಮಾಡೆಲ್ ಟಿ ಯಾವುದೆಂದರೆ ಜಾವಾ ಅಲ್ಲ, ಮಾರುತಿಯೂ ಅಲ್ಲ, ಟಿವಿಎಸ್ ಮೊಪೆಡ್. 1980ರಲ್ಲಿ ಟಿವಿಎಸ್ 50 ಬಂತು, ಮುಂದೆ ಎಕ್ಸೆಲ್ ಆಯಿತು. ಬೆಳಗಿನ ಜಾವ ಡೇರಿ ಮುಂದೆ ನಿಂತು ನೋಡಿದರೆ ಗೊತ್ತಾಗುತ್ತದೆ. ಕಾಲಿಡುವ ಜಾಗದಲ್ಲಿ ಬೂಸಾ ಮೂಟೆ, ಹಿಂದೆ ಕಬ್ಬಿಣದ ಸ್ಟ್ಯಾಂಡಿಗೆ ನೇತುಬಿದ್ದ ಎರಡು ಹಾಲಿನ ಕ್ಯಾನು, ವಾಪಸ್ ಬರುವಾಗ ಓಡಿಸುವವನೇ ಕಾಣದಷ್ಟು ಹಸಿ ಹುಲ್ಲಿನ ಹೊರೆ. ಗೇರಿಲ್ಲ, ಭಾರವಿಲ್ಲ, ಕೆರೆ ಏರಿಯ ಕಾಲುದಾರಿಯಲ್ಲೂ ಹೋಗುತ್ತದೆ. ತೋಟದ ಮನೆಯಲ್ಲಿ ಎರಡು ಹಸು ಕಟ್ಟಿದವನಿಗೂ ಬೆಳಿಗ್ಗೆ ಸಂಜೆ ಹೊತ್ತಿಗೆ ಸರಿಯಾಗಿ ಹಾಲು ಹಾಕಲು ಸಾಧ್ಯವಾದದ್ದರಲ್ಲಿ ಇದರ ಪಾಲು ದೊಡ್ಡದು. ಹಾಲಿನ ಕ್ರಾಂತಿಯ ಬಗ್ಗೆ ಬರೆದವರು ಈ ಗಾಡಿಯನ್ನು ಏಕೋ ಮರೆತಿದ್ದಾರೆ. ಆ ದಿನಗಳಲ್ಲಿ ಹಳ್ಳಿಯವರು ಕಂಡ ಕಾರೆಂದರೆ ಸಾಹೇಬರ ಬಿಳಿ ಅಂಬಾಸಿಡರು, ಇಲ್ಲವೇ ಮದುವೆಗೆ ಬಾಡಿಗೆಗೆ ತಂದದ್ದು.

ಮೈಸೂರು ನಗರದ ಬಗ್ಗೆ ಒಂದು ಪ್ಯಾರಾ ಸಾಕು. ಪ್ಲೇಗಿನ ನಂತರ, 1903ರಲ್ಲಿ ಇಲ್ಲಿ ನಗರಾಭಿವೃದ್ಧಿ ವಿಶ್ವಸ್ಥ ಮಂಡಳಿ ರಚನೆಯಾಗಿ ಗಾಳಿ-ಬೆಳಕಿಗೆಂದು ಅಗಲ ರಸ್ತೆ, ವೃತ್ತಗಳಾದವು. ರೋಗಕ್ಕೆ ಹೆದರಿ ಬಿಟ್ಟ ಜಾಗ ಕಾರಿಗೆ ಅನುಕೂಲವಾಯಿತು. ಶಾಪಸಂದ್ ಟಾಂಗಾಗಳು ಆಟೊದ ಮುಂದೆ ಸೋತು ಪ್ರವಾಸಿಗರ ಸವಾರಿಗೆ ಉಳಿದಿವೆ. ದೇವರಾಜ ಅರಸು ರಸ್ತೆಯ ಪಾರ್ಕಿಂಗ್ ಜಗಳ ದಿನಪತ್ರಿಕೆಯಲ್ಲಿ ಆಗಾಗ ಬರುತ್ತಲೇ ಇರುತ್ತದೆ, ಬೇಕಾದರೆ ಎರಡು ಸಾಲು ಸೇರಿಸಿಕೊಳ್ಳಿ.

ಈಗ ದಶಪಥ. 2023ರ ಮಾರ್ಚ್ 12ರಂದು ಮದ್ದೂರು ತಾಲೂಕಿನ ಗೆಜ್ಜಲಗೆರೆಯಲ್ಲಿ ಪ್ರಧಾನಿ ಉದ್ಘಾಟಿಸಿದ ಸುಮಾರು 118 ಕಿಲೋಮೀಟರಿನ ಬೆಂಗಳೂರು-ಮೈಸೂರು ಹೆದ್ದಾರಿ. ಮೂರು ಗಂಟೆಯ ಹಾದಿ 75 ನಿಮಿಷಕ್ಕೆ ಇಳಿಯುತ್ತದೆ ಎಂಬುದು ಸರ್ಕಾರದ ಮಾತು. ಬಿಡದಿ, ರಾಮನಗರ, ಚನ್ನಪಟ್ಟಣ, ಮದ್ದೂರು, ಮಂಡ್ಯ, ಶ್ರೀರಂಗಪಟ್ಟಣ, ಎಲ್ಲವನ್ನೂ ಬೈಪಾಸು ಬಳಸಿ ಹೋಗುತ್ತದೆ. ಮದ್ದೂರು ವಡೆ ಹೆಸರು ಮಾಡಿದ್ದು ರೈಲು ಅಲ್ಲಿ ನಿಲ್ಲುತ್ತಿದ್ದ ಕಾರಣಕ್ಕೆ. ಆಮೇಲೆ ಬಸ್ಸು, ಕಾರು ನಿಂತವು, ಹೋಟೆಲು ಬೆಳೆದವು. ಚನ್ನಪಟ್ಟಣದ ಬೊಂಬೆ ಅಂಗಡಿಗಳೂ ಹಾಗೇ ಹೆದ್ದಾರಿಗೆ ಮುಖ ಮಾಡಿ ಸಾಲುಗಟ್ಟಿದವು. ವಾಹನ ಓಡುವುದರಿಂದ ಊರಿಗೆ ಕಾಸು ಹುಟ್ಟುವುದಿಲ್ಲ, ನಿಂತರೆ ಹುಟ್ಟುತ್ತದೆ. ನಿಲ್ಲದೆ ಹೋಗುವುದನ್ನೇ ಗುರಿಯಾಗಿಟ್ಟು ಕಟ್ಟಿದ ರಸ್ತೆ ಬಂದಾಗ ಹಳೇ ರಸ್ತೆಯ ವ್ಯಾಪಾರಕ್ಕೆ ಹೊಡೆತ ಬಿದ್ದದ್ದರಲ್ಲಿ ಆಶ್ಚರ್ಯವಿಲ್ಲ.

ನನ್ನ ಕಣ್ಣಿಗೆ ಅದಕ್ಕಿಂತ ದೊಡ್ಡದಾಗಿ ಕಾಣುವುದು 2023ರ ಆಗಸ್ಟ್ 1ರ ಆದೇಶ. ಅಂದಿನಿಂದ ಮುಖ್ಯ ಪಥದಲ್ಲಿ ಬೈಕು, ಸ್ಕೂಟರು, ಆಟೊ, ಟ್ರ್ಯಾಕ್ಟರು, ಎತ್ತಿನ ಗಾಡಿಗಳಿಗೆ ಪ್ರವೇಶವಿಲ್ಲ. ವೇಗದ ಲೆಕ್ಕದಲ್ಲಿ ಈ ನಿಷೇಧ ಸರಿಯಾದದ್ದೇ. ನೂರರಲ್ಲಿ ಬರುವ ಕಾರಿನ ಎದುರು ಎಕ್ಸೆಲ್ ಓಡಿಸುವುದು ಆತ್ಮಹತ್ಯೆ. 2022ರಲ್ಲಿ ದೇಶದ ರಸ್ತೆಗಳಲ್ಲಿ ಸತ್ತ 1,68,491 ಮಂದಿಯಲ್ಲಿ ಶೇ 44ಕ್ಕೂ ಹೆಚ್ಚು ದ್ವಿಚಕ್ರ ವಾಹನದವರು. ಆದರೆ ಇತಿಹಾಸ ಬರೆಯುವವರು ಇನ್ನೊಂದನ್ನೂ ಗುರುತು ಹಾಕಿಕೊಳ್ಳಬೇಕು. ಯಾವ ಗಾಡಿಗಳಿಂದ ಮಂಡ್ಯ ಜಿಲ್ಲೆಗೆ ಮೋಟಾರು ಯುಗ ಬಂತೋ, ಬಸ್ಸು-ಲಾರಿ ಬಿಟ್ಟು ಉಳಿದವೆಲ್ಲ ಸರ್ವಿಸ್ ರಸ್ತೆಗೆ ಇಳಿದವು. ಜಿಲ್ಲೆಯ ನೆಲದ ಮೇಲೆ ಕಾರಿನ ವೇಗಕ್ಕೆಂದೇ ಒಂದು ದೊಡ್ಡ ದಾರಿ ಬಿದ್ದದ್ದು ಇದೇ ಮೊದಲು. ಅಡ್ಡ ದಾಟಲು ಸ್ಕೈವಾಕ್ ಬೇಕು, ಅಂಡರ್‌ಪಾಸ್ ಬೇಕು ಎಂದು ಹಳ್ಳಿಗಳು ಕೇಳತೊಡಗಿದ್ದು ಈ ಹಿನ್ನೆಲೆಯಲ್ಲೇ.

ಸಾವಿನ ಮಾತು ಬಂದದ್ದರಿಂದ ನಾಲೆಯನ್ನು ಬಿಡಬೇಡಿ. ನಿಮ್ಮ ತಾಲೂಕಿನದೇ ಕನಗನಮರಡಿ ಬಳಿ 2018ರ ನವೆಂಬರ್ 24ರಂದು ಖಾಸಗಿ ಬಸ್ಸು ವಿ.ಸಿ. (ವಿಶ್ವೇಶ್ವರಯ್ಯ) ನಾಲೆಗೆ ಉರುಳಿ 30 ಜನ ತೀರಿಕೊಂಡರು, ಶಾಲೆಯಿಂದ ಮನೆಗೆ ಹೊರಟಿದ್ದ ಮಕ್ಕಳೂ ಅದರಲ್ಲಿದ್ದರು. ಆಮೇಲೂ ಕಾರುಗಳು ನಾಲೆಗೆ ಬಿದ್ದಿವೆ, ತಡೆಗೋಡೆಯ ಕೂಗು ಎದ್ದಿದೆ. ನಾಲೆಯ ಏರಿ ಮೂಲದಲ್ಲಿ ನೀರಿನ ಉಸ್ತುವಾರಿಗೆ ಮಾಡಿದ ದಾರಿ. ಗಾಡಿ, ಸೈಕಲ್ಲು ಹೋಗುತ್ತಿದ್ದ ಆ ದಾರಿಗೆ ಡಾಂಬರು ಬಿತ್ತು, ಬಸ್ಸು ಬಂತು, ತಡೆಗೋಡೆ ಮಾತ್ರ ಜೊತೆಯಲ್ಲಿ ಬರಲಿಲ್ಲ. ಮೋಟಾರಿನ ಪರಿಣಾಮ ಎಂದರೆ ಇದೂ ಹೌದು.

ಸಾಮಗ್ರಿ ಎಲ್ಲಿ ಸಿಗುತ್ತದೆ ಎಂದು ಮುಂದಿನ ಪತ್ರದಲ್ಲಿ ಕೇಳುತ್ತೀರಿ, ಈಗಲೇ ಹೇಳಿಬಿಡುತ್ತೇನೆ. ಕೇಂದ್ರ ಸಾರಿಗೆ ಇಲಾಖೆಯ ವಾಹನ್ ಪೋರ್ಟಲಿನಲ್ಲಿ ಕೆಎ-11 ಮಂಡ್ಯ, ಕೆಎ-54 ನಾಗಮಂಗಲ ಆರ್‌ಟಿಒಗಳ ನೋಂದಣಿ ಲೆಕ್ಕ ವಾಹನದ ಬಗೆಯ ಪ್ರಕಾರ ಸಿಗುತ್ತದೆ. ಕಾರಿನ ಕಾಲಂ ಪಕ್ಕ ಮೊಪೆಡ್, ಬೈಕು, ಟ್ರ್ಯಾಕ್ಟರುಗಳದ್ದು ಇಟ್ಟು ನೋಡಿ. ನಗುವನಹಳ್ಳಿಯ ಪಯಣ ಮ್ಯೂಸಿಯಂನಲ್ಲಿ ಹಳೇ ಕಾರುಗಳನ್ನು ಒಂದು ಮಧ್ಯಾಹ್ನ ನೋಡಿ ಬನ್ನಿ, ಆದರೆ ಟಿಪ್ಪಣಿ ಪುಸ್ತಕ ತುಂಬುವುದು ಅಲ್ಲಿ ಅಲ್ಲ. ನಿಮ್ಮ ಊರಿಗೆ ಮೊದಲ ಬಸ್ಸು, ಮೊದಲ ಟ್ರ್ಯಾಕ್ಟರು, ಮೊದಲ ಟಿವಿಎಸ್ ಯಾವ ವರ್ಷ, ಯಾರ ಮನೆಗೆ, ಯಾವ ಬೆಳೆ ಮಾರಿದ ದುಡ್ಡಿನಲ್ಲಿ, ಯಾವ ಸಾಲದಲ್ಲಿ ಬಂತು ಎಂದು ಹಿರಿಯರನ್ನು ಕೇಳಿ ಬರೆದುಕೊಳ್ಳಿ. ಇಸವಿ ನೆನಪಿಲ್ಲದಿದ್ದರೆ ‘ಯಾವ ಚುನಾವಣೆಗೆ ಮುಂಚೆ, ಯಾರ ಮದುವೆಯಾದ ಮೇಲೆ’ ಎಂದು ಕೇಳಿದರೆ ಹೊರಬರುತ್ತದೆ. ಹೆಂಗಸರನ್ನು ಬೇರೆಯಾಗಿ ಕೇಳಿ, ಗಂಡಸರು ಬೈಕಿನ ಬಗ್ಗೆ ಹೇಳುವಾಗ ಅವರು ಬಸ್ಸಿನ ಬಗ್ಗೆ ಹೇಳುತ್ತಾರೆ. ಆಮೇಲೆ ಬೆಳಿಗ್ಗೆ ಆರರಿಂದ ಎಂಟರವರೆಗೆ ಸರ್ವಿಸ್ ರಸ್ತೆಯ ಒಂದು ಕೂಡುರಸ್ತೆಯಲ್ಲಿ ನಿಂತು ಹೋಗುವ ಬರುವ ಗಾಡಿಗಳನ್ನು ಎಣಿಸಿ. ಎಣಿಸುವಾಗ ಹಾಲಿನ ಕ್ಯಾನು ಕಟ್ಟಿದವಕ್ಕೆ ಬೇರೆಯೇ ಕಾಲಂ ಹಾಕಿಕೊಳ್ಳಿ.